ಧ್ರುವದ ನೆರೆಯ ಕಡಲ ತೋಳು

ನಾರ್ವೆಗೆ ಸೇರಿದ ಸ್ವಾಲ್ಬಾರ್ಡ್ ದ್ವೀಪಗಳ ಪಡುವಣ ದಡದಲ್ಲಿ, 79 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ, ಕಡಲು 20 ಕಿಲೋಮೀಟರಿಗೂ ಹೆಚ್ಚು ದೂರ ನೆಲದೊಳಕ್ಕೆ ಚಾಚಿಕೊಂಡಿದೆ. ಹಿಮನದಿಗಳು ಸಾವಿರಾರು ವರ್ಷ ಉಜ್ಜಿ ಉಜ್ಜಿ ಕೊರೆದ ಕಣಿವೆಗೆ ಸಮುದ್ರ ನುಗ್ಗಿ ಆದದ್ದು ಇದು. ಹೆಸರು ಕೊಂಗ್ಸ್‌ಫಿಯೋರ್ಡ್, ಎಂದರೆ ದೊರೆಯ ಫಿಯೋರ್ಡ್. ಅದರ ತಲೆಯ ಕಡೆಗೆ ಮೂರು ಶಿಖರಗಳು: ಸ್ವೀಡನ್, ನಾರ್ವೆ, ಡೆನ್ಮಾರ್ಕ್‌ಗಳ ಹೆಸರು ಹೊತ್ತ ಸ್ವೆಯಾ, ನೋರಾ, ದಾನಾ.

ಇಲ್ಲಿಗೆ ಬಂದವರಲ್ಲಿ ಹಲವರು ಏನಾದರೂ ಹೊತ್ತೊಯ್ಯಲೆಂದೇ ಬಂದವರು. ಅರ್ನೆಸ್ಟ್ ಮ್ಯಾನ್ಸ್‌ಫೀಲ್ಡ್ ಎಂಬ ಇಂಗ್ಲೆಂಡಿನವನು 1911ರ ಸುಮಾರಿಗೆ ಫಿಯೋರ್ಡ್‌ನ ಉತ್ತರ ದಡದ ಬ್ಲೂಮ್‌ಸ್ಟ್ರಾಂಡ್‌ನಲ್ಲಿ ಅಮೃತಶಿಲೆಯ ಗಣಿ ತೆರೆದ. ಕಲ್ಲಿನ ಬಿರುಕುಗಳನ್ನು ಹಿಡಿದಿಟ್ಟಿದ್ದದ್ದು ಹೆಪ್ಪುಗಟ್ಟಿದ ನೀರು. ಬೆಚ್ಚಗಿನ ನಾಡು ತಲುಪಿದಾಗ ಮಂಜು ಕರಗಿತು, ಕಲ್ಲು ಪುಡಿಯಾಯಿತು. ತುಕ್ಕು ಹಿಡಿದ ಯಂತ್ರಗಳು ಇಂದಿಗೂ ಆ ದಡದಲ್ಲೇ ನಿಂತಿವೆ.

ದಕ್ಷಿಣ ದಡದ ನಿ-ಓಲೆಸುಂಡ್‌ನಲ್ಲಿ ಕಲ್ಲಿದ್ದಲು ಸಿಕ್ಕಿತು. ಅದನ್ನು ತೆಗೆಯಲು 1916ರಲ್ಲಿ ಕಂಪನಿ ಕಟ್ಟಿದರು. 1926ರ ಮೇ 11ರಂದು ಧ್ರುವಯಾತ್ರಿಕ ಅಮುಂಡ್ಸೆನ್, ನೌಕೆಯ ವಿನ್ಯಾಸಕ ನೋಬಿಲೆ ಮತ್ತವರ ಸಂಗಡಿಗರು 'ನಾರ್ಗೆ' ವಾಯುನೌಕೆಯಲ್ಲಿ ಧ್ರುವದತ್ತ ಹಾರಿದ್ದೂ ಇಲ್ಲಿಂದಲೇ. ನೌಕೆ ಕಟ್ಟಿದ ಕಂಬ ಇನ್ನೂ ಇದೆ. ಆದರೆ ಈ ಊರಿನ ನಿಜವಾದ ಕಥೆ 1962ರ ನವೆಂಬರ್ 5ರದು. ಗಣಿಯೊಳಗಿನ ಸ್ಫೋಟಕ್ಕೆ 21 ಮಂದಿ ಬಲಿಯಾದರು. ಮರುವರ್ಷ ಆ ಪ್ರಕರಣವೇ ನಾರ್ವೆಯ ಸರ್ಕಾರವನ್ನು ಉರುಳಿಸಿತು, ಗಣಿಯೂ ಮುಚ್ಚಿತು.

ಈಗ ಆ ಊರು ವಿಜ್ಞಾನಿಗಳದು. ಸೂಕ್ಷ್ಮ ಆಂಟೆನಾಗಳಿಗೆ ಅಡ್ಡಿಯಾಗದಿರಲೆಂದು ಬಂದವರು ಮೊಬೈಲ್‌ನ ವೈಫೈ, ಬ್ಲೂಟೂತ್ ಆರಿಸಲೇಬೇಕು. ನಮ್ಮ ದೇಶದ 'ಹಿಮಾದ್ರಿ' ಸಂಶೋಧನಾ ಕೇಂದ್ರ 2008ರಿಂದ ಇಲ್ಲಿದೆ. 2023ರ ಡಿಸೆಂಬರ್‌ನಲ್ಲಿ ಹೊರಟ ಭಾರತದ ಮೊದಲ ಚಳಿಗಾಲದ ತಂಡದಲ್ಲಿ ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಯವರೂ ಇದ್ದರು. ವಿಶ್ವದ ಆದಿಕಾಲದ ಕ್ಷೀಣ ರೇಡಿಯೊ ಸಂಕೇತ ಹಿಡಿಯಲು ಇದು ತಕ್ಕ ಜಾಗವೇ ಎಂದು ನೋಡುವುದು ಅವರ ಕೆಲಸ. ಹಗಲೂ ಕತ್ತಲಾಗಿರುವ ಆ ತಿಂಗಳುಗಳಲ್ಲಿ ನಮ್ಮವರು ಅಲ್ಲಿ ದುಡಿದರೆಂಬುದು ಹೆಮ್ಮೆಯ ಸಂಗತಿ.

ಇಲ್ಲಿನ ವಿಜ್ಞಾನಿಗಳ ಅಳತೆಗಳು ಹೇಳುವ ಸುದ್ದಿ ಮಾತ್ರ ಸಂತಸದ್ದಲ್ಲ. 2014ರಲ್ಲಿ ಫಿಯೋರ್ಡ್‌ನ 192 ಮೀಟರ್ ಆಳದಲ್ಲಿ ಭಾರತ ಇಳಿಬಿಟ್ಟ 'ಇಂಡ್‌ಆರ್ಕ್' ಉಪಕರಣಗಳು ನೀರಿನ ಬಿಸಿ, ಉಪ್ಪು ದಾಖಲಿಸುತ್ತ ಬಂದವು. ಅಟ್ಲಾಂಟಿಕ್‌ನ ಬೆಚ್ಚನೆ ನೀರು ಒಳಹೊಕ್ಕು, 2006ರಿಂದೀಚೆಗೆ ಚಳಿಗಾಲದ ಮಂಜಿನ ಹೊದಿಕೆ ಹಿಂದಿನಂತೆ ಕಟ್ಟುತ್ತಿಲ್ಲ. ಮ್ಯಾನ್ಸ್‌ಫೀಲ್ಡ್ ಗಣಿ ತೋಡಿದ ಬ್ಲೂಮ್‌ಸ್ಟ್ರಾಂಡ್ ಅಂದು ಪರ್ಯಾಯದ್ವೀಪ, ಅದರ ನಾರ್ವೇಜಿಯನ್ ಹೆಸರಿನಲ್ಲೂ ಪರ್ಯಾಯದ್ವೀಪ ಎಂದೇ ಇದೆ. ಅದನ್ನು ನೆಲಕ್ಕೆ ಬೆಸೆದಿದ್ದ ಹಿಮನದಿ ಹಿಂದೆ ಸರಿದು, 1990ರ ದಶಕದಲ್ಲಿ ಅದು ದ್ವೀಪವಾಯಿತು.