ದುಡ್ಡು ಅಮ್ಮನ ಕೈಗೆ ಬಂದಾಗ

ಬಡವರಿಗೆ ನಗದು ಕೊಟ್ರೆ ಕುಡಿದು ಹಾಳು ಮಾಡ್ತಾರೆ ಅಂತ ಎಷ್ಟು ಸಲ ಕೇಳಿದ್ದೀರಿ? ಮೆಕ್ಸಿಕೊ ದೇಶ ಕೊಟ್ಟೇ ನೋಡಿತು.

1997ರಲ್ಲಿ ಅಲ್ಲಿನ ಸರ್ಕಾರ ‘ಪ್ರೊಗ್ರೆಸಾ’ ಯೋಜನೆ ತಂತು. ಹಳ್ಳಿಯ ಬಡ ಕುಟುಂಬಕ್ಕೆ ಎರಡು ತಿಂಗಳಿಗೊಮ್ಮೆ ಹಣ, ಅದೂ ತಾಯಿಯ ಕೈಗೆ. ಷರತ್ತು ಎರಡು: ಮಕ್ಕಳು ತಪ್ಪದೆ ಶಾಲೆಗೆ ಹೋಗಬೇಕು, ಮನೆಯವರು ಆರೋಗ್ಯ ತಪಾಸಣೆ ಮಾಡಿಸಬೇಕು.

ಬಡವರ ಮಕ್ಕಳು ಶಾಲೆ ಬಿಡೋದು ಯಾಕೆ? ಅವರ ಕೂಲಿ ಮನೆಗೆ ಬೇಕು. ಅದಕ್ಕೇ ತರಗತಿ ಏರಿದ ಹಾಗೆ ಸಹಾಯಧನವೂ ಏರುತ್ತಿತ್ತು. ಪ್ರೌಢಶಾಲೆಯಲ್ಲಿ ಹುಡುಗರಿಗಿಂತ ಹುಡುಗಿಯರಿಗೇ ಹೆಚ್ಚು.

ಪರಿಣಾಮ ತಿಳಿಯೋದು ಹೇಗೆ? 506 ಹಳ್ಳಿಗಳನ್ನು ಲಾಟರಿ ಎತ್ತಿದ ಹಾಗೆ ಎರಡು ಗುಂಪು ಮಾಡಿದರು. 320 ಹಳ್ಳಿಗಳಿಗೆ ಮೊದಲು ಹಣ, 186ಕ್ಕೆ ಸುಮಾರು ಒಂದೂವರೆ ವರ್ಷ ತಡವಾಗಿ. ಹೋಲಿಸಿ ನೋಡಿದರೆ, ಹಣ ಸಿಕ್ಕ ಊರುಗಳಲ್ಲಿ ಪ್ರೌಢಶಾಲೆ ಸೇರಿದ ಹುಡುಗಿಯರು ಹೆಚ್ಚಿದ್ದರು. ಪುಟ್ಟ ಮಕ್ಕಳ ಕಾಯಿಲೆ ಕಡಿಮೆಯಾಗಿತ್ತು. ತಟ್ಟೆಯಲ್ಲಿ ಹಣ್ಣು, ತರಕಾರಿ, ಮಾಂಸ ಹೆಚ್ಚಾಗಿತ್ತು.

ಹಾಗಾದ್ರೆ ಕುಡಿತ? ವಿಶ್ವಬ್ಯಾಂಕಿನ ಸಂಶೋಧಕರು ಹಲವು ದೇಶಗಳ ಅಧ್ಯಯನಗಳನ್ನು ಒಟ್ಟಿಗೆ ಪರಿಶೀಲಿಸಿದರು. ನಗದು ಸಿಕ್ಕಿದ್ದರಿಂದ ಮದ್ಯ, ತಂಬಾಕಿನ ಖರ್ಚು ಒಟ್ಟಾರೆ ಏರಿರಲಿಲ್ಲ.

ನಮ್ಮ ಕರ್ನಾಟಕದಲ್ಲೂ 2023ರಿಂದ ಗೃಹಲಕ್ಷ್ಮಿ ಇದೆ: ಯಜಮಾನಿಯ ಖಾತೆಗೆ ತಿಂಗಳಿಗೆ 2,000 ರೂಪಾಯಿ. ಇಲ್ಲಿ ಶಾಲೆಯ ಷರತ್ತಿಲ್ಲ.

ಆದರೆ ಹಣ ಒಂದೇ ಸಾಲದು. ಕಂತು ಹೊತ್ತಿಗೆ ಸರಿಯಾಗಿ ಬರಬೇಕು. ಊರಿಗೆ ಹತ್ತಿರ ಒಳ್ಳೆ ಶಾಲೆ, ಆಸ್ಪತ್ರೆ ಇರಬೇಕು. ಈ ಹಣ ಭಿಕ್ಷೆಯಲ್ಲ, ಮುಂದಿನ ತಲೆಮಾರಿಗೆ ಹಾಕುವ ಬಂಡವಾಳ. ಬಡವರನ್ನು ಅನುಮಾನಿಸೋದು ಬಿಟ್ಟು, ನಂಬೋಣ.