ಹಳೇ ಬೆಕ್ಕಿಗೆ ಹೊಸ ಜೊತೆ

ಮಳೆಯಲ್ಲಿ ನೆನೆದು ಗೇಟಿನ ಹತ್ತಿರ ಅಳುತ್ತಿದ್ದ ಬೆಕ್ಕಿನ ಮರಿಯನ್ನು ಮಕ್ಕಳು ಎತ್ತಿಕೊಂಡು ಬರುತ್ತಾರೆ. ‘ನಮ್ಮ ಪುಟ್ಟಿಗೂ ಒಂದು ಜೊತೆಯಾಯ್ತು’ ಅಂತ ನೀವೂ ಒಪ್ಪಿಬಿಡುತ್ತೀರಿ. ಆದರೆ ಪುಟ್ಟಿ ಬುಸ್ ಎನ್ನುತ್ತದೆ, ಊಟ ಬಿಡುತ್ತದೆ, ಹಾಸಿಗೆ ಮೇಲೆ ಉಚ್ಚೆ ಹೊಯ್ಯುತ್ತದೆ. ಮೂರೇ ದಿನಕ್ಕೆ ‘ಮರೀನ ಎಲ್ಲಾದ್ರೂ ಬಿಟ್ಟು ಬನ್ನಿ’ ಎಂಬ ಮಾತು ಶುರು!

ಬೆಕ್ಕಿಗೆ ತನ್ನ ಜಾಗವೆಂದರೆ ಪ್ರಾಣ. ತನ್ನವರು ಯಾರು, ಹೊರಗಿನವರು ಯಾರು ಎಂದು ಅದು ಗುರುತಿಸುವುದು ಹೆಚ್ಚಾಗಿ ವಾಸನೆಯಿಂದ. ಆದ್ದರಿಂದ ಮೊದಲು ವಾಸನೆಯ ಪರಿಚಯ, ಆಮೇಲೆ ಮುಖಾಮುಖಿ.

* ಮರಿಯನ್ನು ಮೊದಲು ಪಶುವೈದ್ಯರಿಗೆ ತೋರಿಸಿ. ಜಂತುಹುಳುವಿನ ಔಷಧಿ, ಲಸಿಕೆ ಹಾಕಿಸಿ. ಬೆಕ್ಕಿನ ಪಾರ್ವೊ ರೋಗ ಮರಿಗಳ ಪಾಲಿಗೆ ಯಮ. ಹಳೇ ಬೆಕ್ಕಿನ ಲಸಿಕೆ ಬಾಕಿಯಿದ್ದರೆ ಅದನ್ನೂ ಹಾಕಿಸಿ.

* ಎರಡು ವಾರ ಮರಿಗೆ ಬೇರೆ ಕೋಣೆ, ಬೇರೆ ತಟ್ಟೆ, ಬೇರೆ ಮಣ್ಣಿನ ಟ್ರೇ ಇರಲಿ. ಮರಿಯನ್ನು ಮುಟ್ಟಿದ ಮೇಲೆ ಸೋಪು ಹಾಕಿ ಕೈ ತೊಳೆಯಿರಿ.

* ವೈದ್ಯರು ‘ಮರಿಗೆ ರೋಗವಿಲ್ಲ’ ಎಂದ ಮೇಲೆ ಹಳೇ ಕಾಟನ್ ಬಟ್ಟೆಯಿಂದ ಅದರ ಕೆನ್ನೆ ಒರೆಸಿ, ಪುಟ್ಟಿ ಮಲಗುವ ಕಡೆ ಇಡಿ. ಪುಟ್ಟಿಯ ಬಟ್ಟೆ ಮರಿಯ ಕೋಣೆಗೆ ಹೋಗಲಿ.

* ಮುಚ್ಚಿದ ಬಾಗಿಲಿನ ಎರಡೂ ಕಡೆ ಒಂದೇ ಹೊತ್ತಿಗೆ ಊಟ ಇಡಿ. ‘ಈ ವಾಸನೆ ಬಂದರೆ ಊಟ ಸಿಗುತ್ತೆ’ ಅಂತ ಎರಡಕ್ಕೂ ಗೊತ್ತಾಗಲಿ. ನೆಮ್ಮದಿಯಾಗಿ ತಿನ್ನತೊಡಗಿದ ಮೇಲೆ ಸೊಳ್ಳೆ ಪರದೆಯ ಬಾಗಿಲಿನ ಆಚೀಚೆ ನೋಡಲು ಬಿಡಿ.

* ಮೊದಲ ಭೇಟಿ ಐದೇ ನಿಮಿಷ ಸಾಕು. ಬುಸ್ ಎಂದರೆ ಗದರಬೇಡಿ, ಅದು ‘ದೂರ ಇರು’ ಎನ್ನುವ ಮಾತಷ್ಟೇ. ನಿಜವಾಗಿ ಕಚ್ಚಾಡಿದರೆ ನಡುವೆ ಕೈ ಹಾಕದೆ ದಿಂಬು ಅಥವಾ ರಟ್ಟು ಅಡ್ಡ ಹಿಡಿಯಿರಿ. ಮರುದಿನ ಒಂದು ಹೆಜ್ಜೆ ಹಿಂದಿನಿಂದ ಶುರುಮಾಡಿ.

* ಎರಡು ಬೆಕ್ಕಿಗೆ ಮೂರು ಟ್ರೇ ಇದ್ದರೆ ಒಳ್ಳೆಯದು. ಅವನ್ನು ಬೇರೆ ಬೇರೆ ಕಡೆ ಇಡಿ.

* ಬೆಳೆದ ಗಂಡು ಬೆಕ್ಕು ಗೋಡೆಗೆಲ್ಲ ಉಚ್ಚೆ ಚಿಮುಕಿಸುತ್ತಿದ್ದರೆ ಸಂತಾನಹರಣ ಚಿಕಿತ್ಸೆಯ ಬಗ್ಗೆ ವೈದ್ಯರನ್ನು ಕೇಳಿ.

ಒಂದು ಎಚ್ಚರಿಕೆ: ಬೆಕ್ಕು ಒಂದು ದಿನ ಪೂರ್ತಿ ಏನೂ ತಿನ್ನದಿದ್ದರೆ ‘ಮುನಿಸು’ ಎಂದು ಸುಮ್ಮನಿರಬೇಡಿ, ಉಪವಾಸ ಮುಂದುವರಿದರೆ ಲಿವರ್ ಕೆಡುತ್ತದೆ. ಗಂಡು ಬೆಕ್ಕು ಪದೇಪದೇ ಟ್ರೇಗೆ ಹೋಗಿ ಮುಕ್ಕಿದರೂ ಮೂತ್ರ ಬಾರದಿದ್ದರೆ ಆ ಕೂಡಲೇ ಆಸ್ಪತ್ರೆಗೆ ಒಯ್ಯಿರಿ, ತಡಮಾಡಿದರೆ ಜೀವಕ್ಕೇ ಕುತ್ತು.

ಕೆಲವು ಬೆಕ್ಕುಗಳು ವಾರದಲ್ಲಿ ಹೊಂದಿಕೊಳ್ಳುತ್ತವೆ, ಕೆಲವಕ್ಕೆ ತಿಂಗಳುಗಳೇ ಬೇಕು. ಒಂದೇ ಬುಟ್ಟಿಯಲ್ಲಿ ಮಲಗದಿದ್ದರೂ ಚಿಂತೆಯಿಲ್ಲ, ಒಂದೇ ಮನೆಯಲ್ಲಿ ಜಗಳವಿಲ್ಲದೆ ಇದ್ದರೆ ಅಷ್ಟೇ ಸಾಕು. ಅಲ್ಲಿಯವರೆಗೆ ಮುದ್ದು ಮಾಡುವಾಗ, ಊಟ ಹಾಕುವಾಗ ಮೊದಲ ಸರದಿ ಹಳೇ ಪುಟ್ಟಿಗೇ ಇರಲಿ.