ಹೆಸರು ಕಳೆದುಕೊಂಡ ಹುಡುಗಿ

ಜಪಾನಿನ ಚಿತ್ರಕಥೆಯ ಪುಸ್ತಕವನ್ನು ಮೊದಲ ಸಲ ಕೈಗೆತ್ತಿಕೊಂಡ ಕನ್ನಡಿಗನು ಸಾಮಾನ್ಯವಾಗಿ ಒಂದು ಪ್ರಮಾದವನ್ನು ಮಾಡುತ್ತಾನೆ. ನಮ್ಮ ರೂಢಿಯಂತೆ ಪುಸ್ತಕವನ್ನು ತೆರೆದು, ಕಥೆಯ ಕಡೆಯ ಪುಟವನ್ನೇ ಮೊದಲು ನೋಡಿಬಿಡುತ್ತಾನೆ. 'ಮಾಂಗಾ' ಎಂದು ಕರೆಯುವ ಈ ಪುಸ್ತಕಗಳು ಬಲದಿಂದ ಎಡಕ್ಕೆ ಸಾಗುತ್ತವೆ. ನಮ್ಮ ಮನೆಯ ಹುಡುಗಿ ಓದಿ ಬಿಟ್ಟಿದ್ದ ಇಂಗ್ಲಿಷ್ ಅನುವಾದವೊಂದನ್ನು ನಾನೂ ಹಾಗೆಯೇ ಹಿಂದುಮುಂದಾಗಿ ಆರಂಭಿಸಿ, ಅವಳ ನಗೆಗೆ ಗುರಿಯಾಗಿ, ಬಳಿಕ ಸರಿದಾರಿಗೆ ಬಂದೆನು. ಇಂತಹ ಪುಸ್ತಕದಲ್ಲಿ ಓದತಕ್ಕದ್ದೇನಿದ್ದೀತು ಎಂಬ ತಾತ್ಸಾರ ನನ್ನಲ್ಲಿದ್ದುದನ್ನು ಮರೆಮಾಚಲಾರೆ. ಎರಡನೆಯ ಸಂಪುಟ ಮುಗಿಯುವ ವೇಳೆಗೆ ಅದು ಉಳಿದಿರಲಿಲ್ಲ.

ಕೃತಿಯ ಹೆಸರು 'ಕಿಮಿ ನಿ ತೊಡೊಕೆ'. 'ನಿನ್ನನ್ನು ಮುಟ್ಟಲಿ' ಎಂದು ಕನ್ನಡಿಸಬಹುದು. ಬರೆದು ಚಿತ್ರಿಸಿದವರು ಶೀನಾ ಕರುಹೋ ಎಂಬ ಲೇಖಕಿ, ಜಪಾನಿನ ಉತ್ತರದ ಹೊಕ್ಕೈಡೊ ದ್ವೀಪದವರು. ಕಥೆ ನಡೆಯುವುದೂ ಆ ಹಿಮದ ನಾಡಿನಲ್ಲಿಯೇ. 2006ರಿಂದ 2017ರವರೆಗೆ 'ಬೆಸ್ಸಾತ್ಸು ಮಾರ್ಗರೆಟ್' ಎಂಬ ಮಾಸಪತ್ರಿಕೆಯಲ್ಲಿ ಧಾರಾವಾಹಿಯಾಗಿ ಹರಿದು ಇದು 30 ಸಂಪುಟಗಳಾಯಿತು. 2008ರಲ್ಲಿ ಕೋದಾನ್ಶಾ ಪ್ರಶಸ್ತಿ ಇದಕ್ಕೆ ಸಂದಿತು. ಆ ಪ್ರಶಸ್ತಿಯನ್ನು ಕೊಡುವ ಪ್ರಕಾಶನ ಸಂಸ್ಥೆ ಬೇರೆ, ಕಥೆಯನ್ನು ಅಚ್ಚುಮಾಡಿದ ಸಂಸ್ಥೆ ಬೇರೆ ಎಂಬುದನ್ನು ಗಮನಿಸಿದರೆ ಗೌರವದ ಬೆಲೆ ಇನ್ನಷ್ಟು ಹೆಚ್ಚುತ್ತದೆ.

ನಾಯಿಕೆ ಹದಿನೈದರ ಹರೆಯದ ಕುರೊನುಮಾ ಸವಾಕೊ. ಆಕೆಯ ದುಃಖವೆಲ್ಲ ಒಂದಕ್ಷರದ ವ್ಯತ್ಯಾಸದಲ್ಲಿದೆ. ಸುಜುಕಿ ಕೋಜಿ 1991ರಲ್ಲಿ ಬರೆದ 'ರಿಂಗು' ಕಾದಂಬರಿಯೂ, ಅದನ್ನು ಆಧರಿಸಿ 1998ರಲ್ಲಿ ಬಂದ ಚಲಚ್ಚಿತ್ರವೂ ಸದಾಕೊ ಎಂಬ ಪ್ರೇತವನ್ನು ಜಪಾನಿನ ಮನೆಮಾತಾಗಿಸಿದ್ದುವು. ನಮ್ಮ ಹುಡುಗಿಗೂ ಪ್ರೇತದಂತೆಯೇ ಉದ್ದವಾದ ಕಪ್ಪು ಕೂದಲು, ಬಿಳಿಚಿದ ಮುಖ, ತಗ್ಗಿದ ದನಿ. ಸಹಪಾಠಿಗಳಿಗೆ ಇಷ್ಟು ಸಾಕಾಯಿತು. ಸವಾಕೊ 'ಸದಾಕೊ' ಆದಳು. ಅವಳನ್ನು ಮೂರು ಕ್ಷಣ ದಿಟ್ಟಿಸಿದರೆ ಕೇಡು ತಪ್ಪದೆಂಬ ಕಟ್ಟುಕಥೆಯೂ ಹುಟ್ಟಿತು. ವಿಪರ್ಯಾಸವೆಂದರೆ ಅವಳ ನಿಜವಾದ ಹೆಸರಿನ ಲಿಪಿಗೆ 'ಮನಸ್ಸಿಗೆ ಹಿತವಾದ ತಿಳಿತನ' ಎಂಬ ಅರ್ಥವಿದೆ. ಪ್ರತಿದಿನ ಒಂದು ಒಳ್ಳೆಯ ಕೆಲಸವನ್ನು ಮಾಡಬೇಕೆಂಬ ವ್ರತದಿಂದ ಹೂವಿನ ಮಡಿಗೆ ನೀರೆರೆಯುತ್ತ, ಯಾರೂ ಒಲ್ಲದ ಹೊಣೆಗಳನ್ನು ಹೊರುತ್ತ ಈಕೆ ದಿನಗಳೆಯುತ್ತಾಳೆ.

ಇಲ್ಲೊಂದು ಭಾಷೆಯ ಮಾತು. ಜಪಾನಿನ ಚಿತ್ರಕಥೆಗಾರರು ಸದ್ದಿಗೆ ಮಾತ್ರವಲ್ಲ, ಸದ್ದಿಲ್ಲದಿರುವುದಕ್ಕೂ ಅನುಕರಣ ಶಬ್ದವನ್ನು ಬರೆಯುತ್ತಾರೆ. ಮೌನಕ್ಕೆ ಅವರಲ್ಲಿ 'ಶೀನ್' ಎಂಬ ಪದವಿದೆ. ಇದನ್ನು ಕಂಡು ಬೆರಗಾದ ಮೇಲೆ ನೆನಪಾಯಿತು, ಬರಿದಾದ ಮನೆ 'ಬಿಕೋ' ಎನ್ನುವುದು ನಮ್ಮಲ್ಲಿಯೂ ಉಂಟಲ್ಲವೆ? ಸವಾಕೊ ಕೊಠಡಿಯನ್ನು ಪ್ರವೇಶಿಸಿದೊಡನೆ ತರಗತಿ ಬಿಕೋ ಎನ್ನುತ್ತದೆ.

ಕಜೆಹಾಯ ಶೋತ ಎಂಬ ಹುಡುಗನು ಅವಳ ಹೆಸರನ್ನು ಸರಿಯಾಗಿ ತಿಳಿದು ಕರೆಯುವುದರಿಂದ ಕಥೆಗೆ ಚಾಲನೆ ದೊರೆಯುತ್ತದೆ. ಮುಂದೆ ಇದು ಪ್ರೇಮಕಥೆಯೂ ಹೌದು. ಆದರೆ ನನ್ನನ್ನು ಹಿಡಿದು ನಿಲ್ಲಿಸಿದುದು ಪ್ರೇಮವಲ್ಲ, ಆಸನಗಳನ್ನು ಬದಲಾಯಿಸುವ ಒಂದು ಸಣ್ಣ ಪ್ರಸಂಗ. ಅವಳ ನೆರೆಯ ಮೇಜು ತಮ್ಮ ಪಾಲಿಗೆ ಬಂದೀತೆಂದು ಸಹಪಾಠಿಗಳು ಹಿಂಜರಿಯುತ್ತಾರೆ. ಆಗ ಕಜೆಹಾಯ ಬಂದು ಪಕ್ಕದಲ್ಲಿ ಕುಳಿತುಕೊಳ್ಳುತ್ತಾನೆ. ಅವನ ಹಿಂದೆ ಅವನ ಗೆಳೆಯ, ಯಾನೊ ಆಯಾನೆ, ಯೋಶಿದಾ ಚಿಜುರು, ಹೀಗೆ ಒಬ್ಬೊಬ್ಬರಾಗಿ ಅವಳ ಸುತ್ತಲೂ ನೆರೆಯುತ್ತಾರೆ. ಭಾಷಣವಿಲ್ಲ, ಉಪದೇಶವಿಲ್ಲ; ಮೇಜು ಕುರ್ಚಿಗಳು ಸರಿಯುತ್ತವೆ, ಅಷ್ಟೆ.

ಇಪ್ಪತ್ತು ವರ್ಷಗಳಿಂದ ಹಾಜರಿ ಪುಸ್ತಕವನ್ನು ಹಿಡಿದಿರುವ ನನಗೆ ಈ ಪುಟಗಳು ಸುಲಭವಾಗಿರಲಿಲ್ಲ. ನನ್ನ ಅಧ್ಯಾಪಕ ವೃತ್ತಿಯ ಮೊದಲ ವರ್ಷಗಳಲ್ಲಿ ಒಂದು ತರಗತಿಯಲ್ಲಿ ಬೆಂಚಿನ ತುದಿಗೆ ಒಂಟಿಯಾಗಿ ಕೂರುತ್ತಿದ್ದ ವಿದ್ಯಾರ್ಥಿನಿಯೊಬ್ಬಳಿದ್ದಳು. ಅವಳಿಗೆ ಹುಡುಗರು ಇಟ್ಟ ಅಡ್ಡಹೆಸರನ್ನು ಕೇಳಿ ನಾನೂ ಒಮ್ಮೆ ನಕ್ಕಿದ್ದೆನು. ಅವಳು ತಲೆ ಎತ್ತಿ ನನ್ನನ್ನು ನೋಡಿದಳು, ಮತ್ತೆ ತಗ್ಗಿಸಿದಳು. ಆ ಅಡ್ಡಹೆಸರು ಇಂದಿಗೂ ನೆನಪಿದೆ. ಹಾಜರಿ ಪುಸ್ತಕದಲ್ಲಿದ್ದ ಹೆಸರು ಎಷ್ಟು ಯೋಚಿಸಿದರೂ ಹೊಳೆಯುವುದಿಲ್ಲ.

ಸವಾಕೊಳ ಸ್ನೇಹಕ್ಕೆ ಒಡನೆಯೇ ಪರೀಕ್ಷೆ ಬರುತ್ತದೆ. ಆಯಾನೆಯ ಶೀಲವನ್ನು ಕುರಿತು ಒಂದು, ಚಿಜುರು ಹಿಂದೆ ಪುಂಡರ ಗುಂಪಿನಲ್ಲಿದ್ದಳೆಂದು ಒಂದು, ಹೀಗೆ ಗಾಳಿಮಾತುಗಳು ಹಬ್ಬುತ್ತವೆ. ಹಬ್ಬಿಸಿದವಳು ಸವಾಕೊಳೇ ಎಂದೂ ಸೇರಿಸಲಾಗುತ್ತದೆ. ತನ್ನ ಸಹವಾಸದಿಂದ ಗೆಳತಿಯರ ಹೆಸರು ಕೆಡುತ್ತಿದೆಯೆಂದು ಬಗೆದು ಅವಳು ದೂರ ಸರಿಯುತ್ತಾಳೆ; ಅವರು ಅದನ್ನು ತಿರಸ್ಕಾರವೆಂದು ತಿಳಿಯುತ್ತಾರೆ. ತನ್ನನ್ನು ಪ್ರೇತವೆಂದಾಗ ಒಂದು ದಿನವೂ ಪ್ರತಿಭಟಿಸದ ಹುಡುಗಿ, ಶಾಲೆಯ ಶೌಚಗೃಹದಲ್ಲಿ ಗೆಳತಿಯರ ನಿಂದೆಯನ್ನು ಕೇಳಿದಾಗ ಮಾತ್ರ ಎದುರು ನಿಲ್ಲುತ್ತಾಳೆ, ಆಡಿದುದನ್ನು ಹಿಂದಕ್ಕೆ ತೆಗೆದುಕೊಳ್ಳಿರೆಂದು ಹಠ ಹಿಡಿಯುತ್ತಾಳೆ. ಅಲ್ಲಿಗೆ ಬಂದ ಚಿಜುರು, ಆಯಾನೆಯರ ಕಣ್ಣು ಒದ್ದೆಯಾಗುತ್ತದೆ. ಉಪಕಾರ ಮಾಡಿ ಸ್ನೇಹವನ್ನು ಸಂಪಾದಿಸಬೇಕೆಂದುಕೊಂಡಿದ್ದವಳಿಗೆ ಅದು ಆಗಲೇ ತನ್ನದಾಗಿದೆಯೆಂದು ಅಂದು ತಿಳಿಯುತ್ತದೆ.

ಕೃತಿಗೆ ದೋಷವಿಲ್ಲವೆಂದಲ್ಲ. ಸವಾಕೊ, ಕಜೆಹಾಯರು ಒಬ್ಬರನ್ನೊಬ್ಬರು ಅಪಾರ್ಥ ಮಾಡಿಕೊಳ್ಳುವ ಮಧ್ಯದ ಸಂಪುಟಗಳು ಅತಿಯಾಗಿ ಬೆಳೆದಿವೆ. ಒಂದೇ ವಾಕ್ಯದಲ್ಲಿ ತೀರಬಹುದಾದುದಕ್ಕೆ ಅಧ್ಯಾಯಗಳೇ ವ್ಯಯವಾಗಿವೆ. ಧಾರಾವಾಹಿಯ ಅನಿವಾರ್ಯತೆಯೆಂದು ಮನ್ನಿಸಬೇಕು.

ಆ ಗಾಳಿಮಾತುಗಳ ಮೂಲ ಕುರುಮಿಜಾವಾ ಉಮೆ ಎಂಬ ಚೆಲುವೆ. ಕಜೆಹಾಯನನ್ನು ಬಹುಕಾಲದಿಂದ ಪ್ರೀತಿಸಿದವಳು. ಆಕೆಗೂ ಹೆಸರಿನದೇ ನೋವು: ತಂದೆತಾಯಿ ಇಟ್ಟ 'ಉಮೆ' ಎಂಬ ಹೆಸರು ಅವಳಿಗೆ ಸೇರದು, ಎಲ್ಲರಿಂದಲೂ 'ಕುರುಮಿ' ಎಂದೇ ಕರೆಯಿಸಿಕೊಳ್ಳುತ್ತಾಳೆ. ಶೀನಾ ಅವರು ಈಕೆಯನ್ನು ಖಳನಾಯಿಕೆಯಾಗಿ ಮಾಡಿ ಕೈತೊಳೆದುಕೊಳ್ಳುವುದಿಲ್ಲ. ಕೇಡು ಬಗೆದ ಈಕೆಯನ್ನು ಸವಾಕೊ ಕ್ಷಮಿಸಿ ಮೇಲೇರಿ ಕೂರುವುದೂ ಇಲ್ಲ. ಸಮಾನಳಾದ ಪ್ರತಿಸ್ಪರ್ಧಿಯೆಂದು ಒಪ್ಪಿಕೊಳ್ಳುತ್ತಾಳೆ. ಬಹುಶಃ ಅಂತಹ ಮರ್ಯಾದೆಯನ್ನು ಉಮೆಗೆ ಅದುವರೆಗೆ ಯಾರೂ ತೋರಿರಲಿಲ್ಲ.

ಶಾಲೆಯ ದಿನಗಳು ತೀರುತ್ತ ಬಂದಾಗ ಆಯಾನೆ ಟೋಕಿಯೋಗೆ ಹೊರಡುತ್ತಾಳೆ. ಸವಾಕೊ ಅಧ್ಯಾಪಕಿಯಾಗಬೇಕೆಂದು ನಿಶ್ಚಯಿಸುತ್ತಾಳೆ. ಪ್ರವೇಶ ಪರೀಕ್ಷೆಗೆ ಅವಳ ಜೊತೆ ಕುಳಿತು ಓದಿ, ಅದೇ ವಿದ್ಯಾಲಯಕ್ಕೆ ಜೊತೆಯಲ್ಲಿಯೇ ಹೋಗುವವಳು ಉಮೆ. 2018ರಲ್ಲಿ ಶೀನಾ ಮತ್ತೆ ಲೇಖನಿಯನ್ನು ಹಿಡಿದು ಉಪಕಥೆಯೊಂದನ್ನು ಆರಂಭಿಸಿದರು; ಅದಕ್ಕೆ ಉಮೆಯೇ ನಾಯಿಕೆ. ನಮ್ಮ ಮನೆಯ ಹುಡುಗಿ ಅದನ್ನು ತಂದಿಟ್ಟಿದ್ದಾಳೆ. ಈ ಸಲ ಬಲದಿಂದಲೇ ತೆರೆದಿದ್ದೇನೆ.